ಅಸಮತೆಯ ಲೆಕ್ಕಕ್ಕೆ ಗೈಡ್, ಆ್ಯಪ್, ಚೌಕದ ನೋಟ್‌ಬುಕ್: ನಾನು ಬಳಸಿ ಕಂಡಿದ್ದು

ಎಂಟನೇ ತರಗತಿಯ ಮಗಳಿಗೆ ಗಣಿತದ ಅಸಮತೆ (<, > ಚಿಹ್ನೆಗಳಿಂದ ಯಾವುದು ಚಿಕ್ಕದು, ಯಾವುದು ದೊಡ್ಡದು ಎಂದು ಹೇಳುವ ಲೆಕ್ಕ) ಕಲಿಸಲು ಮೂರನ್ನೂ ಬಳಸಿದೆ. ನನ್ನ ಮತ ಚೌಕದ ನೋಟ್‌ಬುಕ್ಕಿಗೆ. ಹೆಚ್ಚು ಹಣ ನುಂಗಿದ್ದೂ ಹೆಚ್ಚು ಕಾಡಿದ್ದೂ ಆ್ಯಪ್.

ಬಾಗಲಕೋಟೆಯ ನವನಗರದಲ್ಲಿ ಕೊಂಡ ಗೈಡಿನಲ್ಲಿ ಲೆಕ್ಕಗಳು ಧಾರಾಳವಾಗಿವೆ. ‘ಋಣ ಸಂಖ್ಯೆಯಿಂದ ಭಾಗಿಸಿದರೆ ಚಿಹ್ನೆ ತಿರುಗಿಸಿ’ ಎಂದು ದಪ್ಪಕ್ಷರದಲ್ಲಿದೆ. ಏಕೆಂಬುದು ಎಲ್ಲಿಯೂ ಇಲ್ಲ.

ಆ್ಯಪ್‌ನ ವಿಡಿಯೋಗಳು ಚೆನ್ನಾಗಿವೆ. ತೊಡಕಿರುವುದು ಉತ್ತರ ತುಂಬುವ ಜಾಗದಲ್ಲಿ. ಗೊತ್ತಿಲ್ಲದ ಸಂಖ್ಯೆ ‘ಕ’ ಎನ್ನೋಣ. ಲೆಕ್ಕ 5 − 2ಕ < 11. ಮಗಳು ಎರಡೂ ಬದಿಗೆ 2ಕ ಕೂಡಿಸಿ, 11 ಕಳೆದು, −6 < 2ಕ ಎಂದು ಬರೆದಳು. ಎರಡರಿಂದ ಭಾಗಿಸಿದಾಗ −3 < ಕ. ಋಣ ಸಂಖ್ಯೆಯಿಂದ ಭಾಗಿಸುವ ಗೊಡವೆಯೇ ಇಲ್ಲದ ಜಾಣ ದಾರಿ! ಆದರೆ ಆ್ಯಪ್ ಕೆಂಪು ಗುರುತು ಹಾಕಿತು. ಅದಕ್ಕೆ ಬೇಕಾಗಿದ್ದು ಕ > −3.

ಎರಡೂ ಒಂದೇ ಮಾತು. ಮಗುವಿಗೆ ಅದನ್ನು ಹೇಳುವವರು ಯಾರು? ಚಿಹ್ನೆಯೇ ತಪ್ಪಿರಬೇಕೆಂದು ಅವಳು −3 > ಕ ಎಂದು ತಿದ್ದಿದಳು. ಮತ್ತೆ ಕೆಂಪು. ಸರಿಯಾಗಿದ್ದುದನ್ನು ತಾನೇ ಕೆಡಿಸಿಕೊಂಡು ಪೆನ್ಸಿಲ್ ಕೆಳಗಿಟ್ಟಳು. ಸಹಾಯವಾಣಿಗೆ ಬರೆದರೆ ‘ಚರಾಕ್ಷರ ಎಡಬದಿಗಿರಲಿ’, ಅಂದರೆ ‘ಕ’ ಎಡಕ್ಕೇ ಬರಬೇಕು, ಎಂಬ ಉತ್ತರ ಬಂತು. ಪ್ರಶ್ನೆಯಲ್ಲಿ ಆ ಷರತ್ತೇ ಇರಲಿಲ್ಲ. ಆರು ತಿಂಗಳ ಚಂದಾ ಕಟ್ಟಿದವರಿಗೆ ಇದು ಸಿಟ್ಟು ತರಿಸದೆ ಇರುತ್ತದೆಯೇ?

ನೋಟ್‌ಬುಕ್ಕಿನಲ್ಲಿ ಸಂಖ್ಯಾರೇಖೆ ಎಳೆದೆವು. 2 ಮತ್ತು 5 ಗುರುತಿಸಿ, ಎರಡನ್ನೂ −1ರಿಂದ ಗುಣಿಸಿ ಸೊನ್ನೆಯ ಆಚೆಗೆ ಇಟ್ಟೆವು. ಈಗ −2 ಬಲಕ್ಕೆ, −5 ಎಡಕ್ಕೆ. ‘ದೊಡ್ಡದು ಚಿಕ್ಕದಾಯಿತಲ್ಲಪ್ಪ!’ ಎಂದು ಅವಳೇ ಕೂಗಿದಳು. ಬಳಿಕ ಆ ಹಳೆಯ ಲೆಕ್ಕಕ್ಕೇ ಮರಳಿದೆವು. ಕ ಜಾಗದಲ್ಲಿ 0 ಇಟ್ಟರೆ 5, ಅದು 11ಕ್ಕಿಂತ ಕಡಿಮೆ. −4 ಇಟ್ಟರೆ 13, ನಡೆಯದು. −3 ಇಟ್ಟರೆ ಸರಿಯಾಗಿ 11. ಅದು 11ಕ್ಕಿಂತ ಕಡಿಮೆಯಲ್ಲ. ಆದ್ದರಿಂದ −3 ಸೇರದೆಂದು ತೋರಿಸಲು ಅಲ್ಲಿ ಖಾಲಿ ವೃತ್ತ, ಬಲಕ್ಕೆ ಬಾಣ.

ಇನ್ನೊಂದು ಲೆಕ್ಕವನ್ನು ನಾನೇ ಕಟ್ಟಿದೆ: ಕೈಯಲ್ಲಿ 200 ರೂಪಾಯಿ, ಚೀಲಕ್ಕೆ 20, ಅಮೀನಗಡದ ಕರದಂಟು ಪೊಟ್ಟಣಕ್ಕೆ 40. 20 + 40ಕ ≤ 200; ಕ ≤ 4.5. ಅರ್ಧ ಪೊಟ್ಟಣ ಯಾರೂ ಕೊಡುವುದಿಲ್ಲವಾದ್ದರಿಂದ ರೇಖೆಯ ಮೇಲೆ 0ರಿಂದ 4ರವರೆಗೆ ಬಿಡಿ ಚುಕ್ಕೆಗಳಷ್ಟೇ.

ರಾತ್ರಿ ಊಟವಾದ ಮೇಲೆ ಮಗಳ ಜೊತೆ ಕೂರುವ ರೂಢಿ ಇರುವುದರಿಂದ ನನಗೆ ನೋಟ್‌ಬುಕ್, ಅಭ್ಯಾಸಕ್ಕೆ ಗೈಡ್ ಸಾಕು. ಆ್ಯಪ್ ಚಂದಾ ನವೀಕರಿಸುವುದಿಲ್ಲ. ಕೂರಲು ಬಿಡುವಿಲ್ಲದವರು ಆ್ಯಪ್ ಕೊಳ್ಳುವುದಾದರೆ, ಉಚಿತ ಅವಧಿಯಲ್ಲೇ ಒಂದು ಸರಿಯುತ್ತರವನ್ನು ಬದಿ ಬದಲಿಸಿ ತುಂಬಿ ನೋಡಿ. ಕೆಂಪು ಬಂದರೆ ಹಣ ಕಟ್ಟಬೇಡಿ.