ಡಿಕ್ಕಿ ತಡೆ ವಾರ್ನಿಂಗ್ ಲೈಟ್ ಬಂದರೆ ಮೊದಲು ಕೋಡ್ ಅಳಿಸಲು ಬಿಡಬೇಡಿ

ಮುಂದಿನ ಗಾಜು ಬದಲಾಯಿಸಿ ಮೂರು ದಿನ ಆಗಿತ್ತು. ಮೀಟರ್ ಬೋರ್ಡಿನಲ್ಲಿ ಹಳದಿ ಚಿಹ್ನೆ ಹತ್ತಿಕೊಂಡಿತು: ಒಂದು ಕಾರು, ಅದರ ಮೂತಿಯ ಮುಂದೆ ಸಿಡಿದ ನಕ್ಷತ್ರದಂಥ ಗುರುತು. ಡಿಕ್ಕಿ ತಡೆಯುವ ವ್ಯವಸ್ಥೆ ನಿಂತಿದೆ, ಪರೀಕ್ಷಿಸಿ ಎಂಬ ಸಂದೇಶ ಜೊತೆಗೆ. ಅಲ್ಲಿಂದ ಮುಂದೆ ಆ ಕಾರು ಮೂರು ಗ್ಯಾರೇಜ್ ಸುತ್ತಿತು. ಚೆನ್ನಾಗಿದ್ದ ರೇಡಾರನ್ನು ಬಿಚ್ಚಿ ಎಸೆದು ಹೊಸದು ಹಾಕಿದರು. ನಡುವೆ ಒಂದು ಬೆಳಿಗ್ಗೆ ಎದುರಿಗೆ ಏನೂ ಇಲ್ಲದಾಗ ಕಾರು ತಾನಾಗಿಯೇ ಜೋರಾಗಿ ಬ್ರೇಕ್ ಹಾಕಿತು. ಹಿಂದಿನ ಗಾಡಿ ಬಂದು ಗುದ್ದುವುದು ಸ್ವಲ್ಪದರಲ್ಲಿ ತಪ್ಪಿತು. ಕೊನೆಗೆ ಸಿಕ್ಕ ದೋಷ ಎರಡೇ: ಸರಿಯಾಗಿ ಕೂರದ ಒಂದು ಕ್ಲಿಪ್, ಮತ್ತು ಗಾಜು ಹಾಕಿದವರು ಮಾಡದೆ ಬಿಟ್ಟ ಕ್ಯಾಲಿಬ್ರೇಷನ್, ಅಂದರೆ ಕ್ಯಾಮೆರಾ ನೋಡುವ ಕೋನವನ್ನು ಹೊಂದಿಸಿ ಅದಕ್ಕೆ ಕಲಿಸುವ ಕೆಲಸ.

ಇದೇ ಸರಣಿ ಬೇರೆ ಬೇರೆ ಕಾರುಗಳಲ್ಲಿ ಮತ್ತೆ ಮತ್ತೆ ನಡೆಯುತ್ತಿದೆ. ಅದಕ್ಕೇ ಎಲ್ಲಿ ಯಾವ ತಪ್ಪಾಯಿತು, ಅದು ಯಾಕೆ ಅಪಾಯ ಎಂದು ಬಿಡಿಸಿ ಬರೆಯುತ್ತಿದ್ದೇವೆ.

ಮೊದಲು ಈ ವ್ಯವಸ್ಥೆ ಕೆಲಸ ಮಾಡುವ ರೀತಿ. ಬಹಳಷ್ಟು ಕಾರುಗಳಲ್ಲಿ ಎರಡು ಕಣ್ಣಿರುತ್ತವೆ. ಒಂದು, ಒಳಗಿನ ಕನ್ನಡಿಯ ಹಿಂದೆ ಗಾಜಿಗೆ ಅಂಟಿಕೊಂಡಂತೆ ಇರುವ ಕ್ಯಾಮೆರಾ. ಎದುರಿಗಿರುವುದು ಕಾರೋ, ಮನುಷ್ಯನೋ, ಲೇನಿನ ಗೆರೆಯೋ ಎಂದು ಗುರುತಿಸುವುದು ಅದರ ಕೆಲಸ. ಇನ್ನೊಂದು, ಮುಂದಿನ ಲಾಂಛನದ ಹಿಂದೆಯೋ ಬಂಪರಿನ ಕೆಳಗಿನ ಜಾಲರಿಯಲ್ಲೋ ಕೂತಿರುವ ರೇಡಾರ್. ಎಷ್ಟು ದೂರ, ಎಷ್ಟು ವೇಗದಲ್ಲಿ ಹತ್ತಿರ ಬರುತ್ತಿದೆ ಎಂಬುದನ್ನು ಅದು ಅಳೆಯುತ್ತದೆ. ಕೆಲವು ಕಾರುಗಳಲ್ಲಿ ಕ್ಯಾಮೆರಾ ಮಾತ್ರ, ಇನ್ನು ಕೆಲವಲ್ಲಿ ಒಂದೇ ಕಡೆ ಎರಡು ಕ್ಯಾಮೆರಾ. ಬ್ರೇಕ್ ಹಿಡಿಯುವುದು ಮಾತ್ರ ಹೆಚ್ಚಿನ ಕಾರುಗಳಲ್ಲಿ ಎಬಿಎಸ್ (ಬ್ರೇಕ್ ಹಾಕಿದಾಗ ಚಕ್ರ ಲಾಕ್ ಆಗದಂತೆ ತಡೆಯುವ ವ್ಯವಸ್ಥೆ) ಪಂಪು. ಹೀಗಾಗಿ ಚಕ್ರದ ವೇಗದ ಸೆನ್ಸರ್ ಕೆಟ್ಟರೂ, ಬ್ರೇಕ್ ಲೈಟ್ ಸ್ವಿಚ್ ಕೈಕೊಟ್ಟರೂ ಇದೇ ಹಳದಿ ದೀಪ ಬರಬಹುದು. ಎಬಿಎಸ್ ಅಥವಾ ಟ್ರಾಕ್ಷನ್ (ಚಕ್ರ ಜಾರದಂತೆ ತಡೆಯುವ ವ್ಯವಸ್ಥೆಯ) ದೀಪವೂ ಜೊತೆಯಲ್ಲಿ ಹತ್ತಿದ್ದರೆ ಕ್ಯಾಮೆರಾ, ರೇಡಾರ್ ಎರಡನ್ನೂ ಬಿಟ್ಟು ಮೊದಲು ಅತ್ತ ನೋಡಿ. ಅದು ಸರಿಯಾದರೆ ಹೆಚ್ಚಿನ ಸಲ ಇದೂ ಆರುತ್ತದೆ.

ಆ ಕಾರಿನ ವಿಷಯಕ್ಕೆ ಬರೋಣ. ಮೊದಲ ಗ್ಯಾರೇಜಿನಲ್ಲಿ, ಕಾರಿನ ಕಂಪ್ಯೂಟರ್ ಬರೆದಿಟ್ಟ ದೋಷದ ಸಂಖ್ಯೆ (ಕೋಡ್) ಓದುವ ಸಣ್ಣ ಸ್ಕ್ಯಾನರ್ ಚುಚ್ಚಿ "ಕೋಡ್ ಏನೂ ಇಲ್ಲ" ಎಂದರು. ಸುಳ್ಳಲ್ಲ, ಆದರೆ ಅಗ್ಗದ ಸ್ಕ್ಯಾನರ್ ಓದುವುದು ಎಂಜಿನ್ ಕಂಪ್ಯೂಟರನ್ನು ಮಾತ್ರ. ಕ್ಯಾಮೆರಾ, ರೇಡಾರ್, ಎಬಿಎಸ್, ಸ್ಟೀರಿಂಗ್ ಒಂದೊಂದಕ್ಕೂ ಬೇರೆ ಕಂಪ್ಯೂಟರ್ ಇದೆ, ಅದರದರ ಕೋಡ್ ಅದರಲ್ಲೇ ಇರುತ್ತದೆ. ಈ ಎಲ್ಲ ಕಂಪ್ಯೂಟರ್ (ಮಾಡ್ಯೂಲ್) ಓದುವ ಸ್ಕ್ಯಾನರ್ ಇಲ್ಲದವರ ಕೈಗೆ ಈ ಕೆಲಸ ಕೊಡುವುದೇ ಬೇಡ. ಅಲ್ಲಿ ಬ್ಯಾಟರಿ ಟರ್ಮಿನಲ್ ಹತ್ತು ನಿಮಿಷ ಬಿಚ್ಚಿಟ್ಟು ಮತ್ತೆ ಹಾಕಿದರು. ದೀಪ ಆರಿತು. ಮಾರನೇ ದಿನ ಇಪ್ಪತ್ತು ನಿಮಿಷ ಓಡಿಸುವಷ್ಟರಲ್ಲಿ ಮತ್ತೆ ಬಂತು. ಎರಡನೇ ಕಡೆ ಸ್ಕ್ಯಾನರ್ ಒಳ್ಳೆಯದೇ ಇತ್ತು, ಕೋಡೂ ಕಾಣಿಸಿತು. ಬರೆದುಕೊಳ್ಳದೆ, ಫೋಟೋ ತೆಗೆಯದೆ ಅಳಿಸಿಬಿಟ್ಟರು. ಕೋಡ್ ಹುಟ್ಟಿದ ಹೊತ್ತಿನ ವೇಗ, ವೋಲ್ಟೇಜ್ ಮುಂತಾದ ದಾಖಲೆ ಕೂಡ ಅದರ ಜೊತೆಗೇ ಹೋಯಿತು. ದೀಪ ಆರಿದ್ದ ಆ ಮಾರನೇ ಬೆಳಿಗ್ಗೆಯೇ ಕಾರು ತಾನಾಗಿ ಬ್ರೇಕ್ ಹಾಕಿದ್ದು.

ಇಲ್ಲಿ ಸ್ವಲ್ಪ ನಿಲ್ಲಬೇಕು, ಯಾಕೆಂದರೆ ಹೆಚ್ಚಿನವರಿಗೆ ತಿಳಿಯದ ಸಂಗತಿ ಇದೇ. ಗಾಜು ಬದಲಾಗಿದೆ ಎಂದು ಕ್ಯಾಮೆರಾಗೆ ಗೊತ್ತಾಗುವುದಿಲ್ಲ. ಹಳೇ ಗಾಜಿನಲ್ಲಿ ಕೂತಿದ್ದಾಗ ಕಲಿಸಿದ ಕೋನವನ್ನೇ ನಂಬಿಕೊಂಡು ಅದು ನೋಡುತ್ತಿರುತ್ತದೆ. ಓಡುತ್ತ ಓಡುತ್ತ ಲೇನಿನ ಗೆರೆ, ಎದುರಿನ ಗಾಡಿಗಳನ್ನು ಗಮನಿಸಿ ತನ್ನ ಲೆಕ್ಕ ತಾಳೆಯಾಗುತ್ತಿಲ್ಲ ಎಂದು ಕಂಡುಕೊಂಡಾಗ ಮಾತ್ರ ಕೈಯೆತ್ತಿ ದೀಪ ಹಚ್ಚುತ್ತದೆ. ಅಂದರೆ ದೀಪ ಹತ್ತಿದ ಮೇಲೆ ಕಾರು ಒಂದು ಲೆಕ್ಕದಲ್ಲಿ ಸುರಕ್ಷಿತ: ತನಗೆ ಸರಿಯಾಗಿ ಕಾಣುತ್ತಿಲ್ಲ ಎಂದು ಒಪ್ಪಿಕೊಂಡು ವ್ಯವಸ್ಥೆ ಬ್ರೇಕಿನಿಂದ ದೂರ ಸರಿದಿದೆ. ಕೋಡ್ ಅಳಿಸಿದರೆ ಅದೇ ತಪ್ಪು ಕೋನದೊಂದಿಗೆ ಅದನ್ನು ಮತ್ತೆ ಬ್ರೇಕಿನ ಮೇಲೆ ಕೂರಿಸಿದ ಹಾಗೆ. ಮತ್ತೆ ದೀಪ ಬರುವವರೆಗಿನ ಆ ಇಪ್ಪತ್ತು ನಿಮಿಷ, ಕೆಲವು ಸಲ ಎರಡು ದಿನ, ಅದೇ ಎಲ್ಲಕ್ಕಿಂತ ಅಪಾಯದ ಹೊತ್ತು.

ತಪ್ಪು ಎಷ್ಟು ಸಣ್ಣದಿತ್ತು ಎಂದು ನೋಡಿ. ಕನ್ನಡಿಯ ಹಿಂದಿನ ಪ್ಲಾಸ್ಟಿಕ್ ಮುಚ್ಚಳ ತೆಗೆದಾಗ ಕ್ಯಾಮೆರಾದ ಹಿಂತುದಿಯ ಎಡ ಕ್ಲಿಪ್ ಬ್ರಾಕೆಟ್ಟಿನಿಂದ ಸುಮಾರು 2 ಮಿಲಿಮೀಟರ್ ಕೆಳಗೆ ಜೋತಿತ್ತು. ಬೆರಳಲ್ಲಿ ಒತ್ತಿದರೆ "ಟಕ್" ಎಂದು ಕೂತಿತು. ಕ್ಯಾಮೆರಾದ ಉದ್ದ ಸುಮಾರು 10 ಸೆಂಟಿಮೀಟರ್. ಅದರ ಹಿಂತುದಿ 2 ಮಿಲಿಮೀಟರ್ ಇಳಿದರೆ ಮೂತಿ 1 ಡಿಗ್ರಿಗಿಂತ ತುಸು ಹೆಚ್ಚು ಮೇಲೇಳುತ್ತದೆ. ಒಂದೇ ಕ್ಯಾಮೆರಾ ದೂರವನ್ನು ಅಂದಾಜಿಸುವ ಮುಖ್ಯ ದಾರಿ, ಎದುರಿನ ಗಾಡಿಯ ಬುಡ ರಸ್ತೆಗೆ ತಾಗುವ ಜಾಗ ಚಿತ್ರದಲ್ಲಿ ಎಷ್ಟು ಕೆಳಗಿದೆ ಎಂಬುದು. ಕ್ಯಾಮೆರಾ ನೆಲದಿಂದ 1.3 ಮೀಟರ್ ಎತ್ತರದಲ್ಲಿದ್ದರೆ 60 ಮೀಟರ್ ದೂರದ ಗಾಡಿಯ ಬುಡ ದಿಗಂತಕ್ಕಿಂತ ಬರೀ 1.24 ಡಿಗ್ರಿ ಕೆಳಗೆ ಕಾಣುತ್ತದೆ. ಮೂತಿ 1.15 ಡಿಗ್ರಿ ಮೇಲೆದ್ದರೆ ಅದೇ ಗಾಡಿ ಚಿತ್ರದಲ್ಲಿ ಅಷ್ಟೇ ಕೆಳಗೆ ಸರಿದು, 31 ಮೀಟರಿನಲ್ಲೇ ಇದೆ ಎಂದು ಲೆಕ್ಕ ಬರುತ್ತದೆ. ಅಡ್ಡಡ್ಡ ತಿರುಗಿದರೂ ಕಷ್ಟವೇ: 1 ಡಿಗ್ರಿ ತಪ್ಪು 100 ಮೀಟರ್ ದೂರದಲ್ಲಿ 1.75 ಮೀಟರ್ ಆಗುತ್ತದೆ. ರಸ್ತೆ ಬದಿಯಲ್ಲಿ ನಿಂತ ಲಾರಿ ನಿಮ್ಮ ಲೇನಿನೊಳಗೆ ನಿಂತಂತೆ ಕಾಣಲು ಅಷ್ಟು ಸಾಕು.

ಮೂರನೇ ಗ್ಯಾರೇಜಿನಲ್ಲಿ ತಾನಾಗಿ ಬ್ರೇಕ್ ಬಿತ್ತು ಎಂದ ಕೂಡಲೇ ರೇಡಾರ್ ಕೆಟ್ಟಿದೆ ಎಂದು ತೀರ್ಮಾನಿಸಿದರು. ಹೊಸ ರೇಡಾರಿಗೆ ಆ ಕಾರಿನ ಕೋಡಿಂಗ್ (ಆ ಕಾರಿಗೆ ತಕ್ಕ ಸೆಟ್ಟಿಂಗ್ ತುಂಬುವುದು) ಆಗಬೇಕು, ಆಮೇಲೆ ಕೋನ ಹೊಂದಿಸಬೇಕು. ಎರಡೂ ಮಾಡಲಿಲ್ಲ. ಮೊದಲು ಒಂದಿದ್ದ ತಪ್ಪು ಎರಡಾಯಿತು, ದೀಪ ಖಾಯಂ ಆಯಿತು.

ನಿಮ್ಮ ಕಾರಿನಲ್ಲಿ ಈ ದೀಪ ಬಂದರೆ, ಗ್ಯಾರೇಜಿಗೆ ಹೋಗುವ ಮೊದಲು ಸಂದೇಶವನ್ನು ಪೂರ್ತಿ ಓದಿ, ಫೋಟೋ ತೆಗೆದಿಡಿ. ಚಿಹ್ನೆಯ ಜೊತೆ "ಆಫ್" ಎಂದಿದ್ದರೆ ಯಾರೋ ಬಟನ್ ಒತ್ತಿ ಅಥವಾ ಮೆನುವಿನಲ್ಲಿ ನಿಲ್ಲಿಸಿರಬಹುದು. "ತಾತ್ಕಾಲಿಕವಾಗಿ ಲಭ್ಯವಿಲ್ಲ" ಎಂದಿದ್ದರೆ ಕೆಸರು, ದಟ್ಟ ಮಂಜು, ಜೋರು ಮಳೆ, ನೇರ ಕಣ್ಣಿಗೆ ಹೊಡೆಯುವ ಸಂಜೆ ಬಿಸಿಲು ಕಾರಣ ಇರಬಹುದು. ಬಿಸಿಲಲ್ಲಿ ಗಂಟೆಗಟ್ಟಲೆ ನಿಂತ ಕಾರಿನ ಕ್ಯಾಮೆರಾ ಕಾದು ತಾನೇ ನಿಲ್ಲುವುದೂ ಉಂಟು, ಒಳಗೆ ತಣ್ಣಗಾದ ಮೇಲೆ ಸರಿಹೋಗುತ್ತದೆ. ಲಾಂಛನ, ಜಾಲರಿ, ಕ್ಯಾಮೆರಾ ಎದುರಿನ ಗಾಜು ಒರೆಸಿ, ಇಗ್ನಿಷನ್ ಆಫ್ ಮಾಡಿ ಸ್ವಲ್ಪ ಹೊತ್ತು ಬಿಟ್ಟು, ಹದಿನೈದು ನಿಮಿಷ ಓಡಿಸಿ ನೋಡಿ. ಅಷ್ಟರ ಮೇಲೂ ದೀಪ ಇದ್ದರೆ ಅದು ಕೊಳೆಯ ಸಮಸ್ಯೆ ಅಲ್ಲ ಎಂದುಕೊಳ್ಳಿ.

ಗಾಜಿನ ಒಳಮೈಯನ್ನು ಹೆಚ್ಚಿನವರು ಮರೆಯುತ್ತಾರೆ. ಡ್ಯಾಶ್‌ಬೋರ್ಡಿನ ಪ್ಲಾಸ್ಟಿಕ್ ಬಿಸಿಗೆ ಬಿಡುವ ಆವಿ ಗಾಜಿನ ಮೇಲೆ ತೆಳ್ಳಗೆ ಎಣ್ಣೆಪದರದ ಹಾಗೆ ಕೂರುತ್ತದೆ, ಹಗಲಲ್ಲಿ ನಮ್ಮ ಕಣ್ಣಿಗೆ ಅಷ್ಟಾಗಿ ಕಾಣದು. ಆ ಕಾರಿನಲ್ಲಿ ಕ್ಯಾಮೆರಾ ನೋಡುವ ಕಿಂಡಿಯ ನಡುವೆ ಗಾಜು ಕೂರಿಸಿದವರ ಹೆಬ್ಬೆಟ್ಟಿನ ಗುರುತು ಹಾಗೇ ಇತ್ತು. ಸ್ವಚ್ಛ ಮೈಕ್ರೋಫೈಬರ್ ಬಟ್ಟೆಗೆ ಐಸೊಪ್ರೊಪೈಲ್ ಆಲ್ಕೋಹಾಲ್ ತಾಗಿಸಿ ಗಾಜನ್ನಷ್ಟೇ ಒರೆಸಬೇಕು. ಕ್ಯಾಮೆರಾ ಕಡೆ ಸ್ಪ್ರೇ ಹೊಡೆಯಬೇಡಿ, ಲೆನ್ಸ್ ಮುಟ್ಟಬೇಡಿ. ಕ್ಯಾಮೆರಾ ಬಿಚ್ಚದೆ ಆ ಜಾಗಕ್ಕೆ ಕೈ ಹೋಗುವುದಿಲ್ಲ ಎಂದಾದರೆ ಅಲ್ಲಿಗೇ ಬಿಟ್ಟುಬಿಡಿ. ಬಿಚ್ಚಿ ಹಾಕಿದರೆ ಅನೇಕ ಕಾರುಗಳಿಗೆ ಮತ್ತೆ ಕ್ಯಾಲಿಬ್ರೇಷನ್ ಬೇಕು. ಸನ್ ಫಿಲ್ಮ್, ಸ್ಟಿಕ್ಕರ್, ಡ್ಯಾಶ್ ಕ್ಯಾಮೆರಾ, ನೇತಾಡುವ ಅಲಂಕಾರ, ಯಾವುದೂ ಆ ಕಿಂಡಿಗೆ ಅಡ್ಡ ಬರಬಾರದು.

ಮುಂದಿನ ರೇಡಾರಿನ ಅಲೆ 77 ಗಿಗಾಹರ್ಟ್ಸ್ ಆಸುಪಾಸಿನದು. ಅಲೆಯ ಉದ್ದ 4 ಮಿಲಿಮೀಟರ್ ಕೂಡ ಇಲ್ಲ. ಅದಕ್ಕೇ ಎದುರಿನ ಪ್ಲಾಸ್ಟಿಕ್ಕಿನ ದಪ್ಪದಲ್ಲಾಗುವ ಸಣ್ಣ ವ್ಯತ್ಯಾಸವೂ ಅದಕ್ಕೆ ದೊಡ್ಡದು. ರೇಡಾರ್ ಎದುರಿನ ಮೂಲ ಲಾಂಛನ ನುಣುಪಾಗಿ, ಗಾಜಿನ ಬಿಲ್ಲೆಯ ಹಾಗೆ ಇರುತ್ತದೆ, ಅಲೆ ದಾಟಿಹೋಗಲೆಂದೇ ಹಾಗೆ ಮಾಡಿರುತ್ತಾರೆ. ಅಲ್ಲಿ ಕ್ರೋಮ್ ಲಾಂಛನ ಅಂಟಿಸಿದರೆ ರೇಡಾರ್ ಕುರುಡಾಗುತ್ತದೆ. ಬಂಪರಿನ ಹಿಂದೆ ರೇಡಾರ್ ಇರುವ ಜಾಗದಲ್ಲಿ ಪುಟ್ಟಿ ತುಂಬಿದರೂ, ಮೆಟಾಲಿಕ್ ಬಣ್ಣವನ್ನು ಪದರದ ಮೇಲೆ ಪದರ ಹೊಡೆದರೂ ಅಷ್ಟೇ. ಕಬ್ಬಿಣದ ಗಾರ್ಡ್ ಬಗ್ಗೆ ಹೇಳುವುದೇ ಬೇಡ, ತೆಗೆದುಬಿಡಿ. ಪಾರ್ಕಿಂಗಿನಲ್ಲಿ ಮೆಲ್ಲಗೆ ತಾಗಿದ ಕಾರಿನ ಬಂಪರ್ ಒಳಗೆ ಹೋಗಿ ಮತ್ತೆ ಹೊರಗೆ ಬಂದು ಏನೂ ಆಗದ ಹಾಗೆ ಕಾಣುತ್ತದೆ. ಹಿಂದಿದ್ದ ಬ್ರಾಕೆಟ್ ಮಾತ್ರ ಬಾಗಿಯೇ ಉಳಿದಿರುತ್ತದೆ.

ಬ್ಯಾಟರಿಯನ್ನೂ ಅಳೆದುಕೊಳ್ಳಿ. ರಾತ್ರಿಯಿಡೀ ನಿಂತ ಕಾರಿನಲ್ಲಿ 12.6 ವೋಲ್ಟ್ ಇದ್ದರೆ ತುಂಬಿದೆ, 12.2 ಅಂದರೆ ಅರ್ಧ ಖಾಲಿ. ಸ್ಟಾರ್ಟ್ ಮಾಡುವ ಕ್ಷಣದಲ್ಲಿ 9.6ಕ್ಕಿಂತ ಕೆಳಗಿಳಿದರೆ ಬ್ಯಾಟರಿ ಸೋತಿದೆ, ಅಷ್ಟಕ್ಕೇ ನಾಲ್ಕೈದು ಮಾಡ್ಯೂಲ್ ಒಟ್ಟಿಗೆ ದೂರು ಹೇಳುತ್ತವೆ. ನಾಲ್ಕು ಟೈರಿನ ಅಳತೆ ಒಂದೇ ಇದೆಯೇ, ಇತ್ತೀಚೆಗೆ ವೀಲ್ ಅಲೈನ್‌ಮೆಂಟ್ ಮಾಡಿಸಿದ್ದರೆ ಸ್ಟೀರಿಂಗ್ ಎಷ್ಟು ತಿರುಗಿದೆ ಎಂದು ಅಳೆಯುವ ಸ್ಟೀರಿಂಗ್ ಆ್ಯಂಗಲ್ ಸೆನ್ಸರನ್ನು ಸೊನ್ನೆಗೆ ಹೊಂದಿಸಿದರೇ ಎಂಬುದನ್ನೂ ಕೇಳಿಕೊಳ್ಳಿ.

ಗ್ಯಾರೇಜಿನಲ್ಲಿ ಮೊದಲ ಮಾತೇ ಇದಾಗಿರಲಿ: ಎಲ್ಲ ಮಾಡ್ಯೂಲ್ ಸ್ಕ್ಯಾನ್ ಮಾಡಿ ರಿಪೋರ್ಟ್ ಕೊಡಿ, ನನಗೆ ತೋರಿಸುವ ತನಕ ಏನನ್ನೂ ಅಳಿಸಬೇಡಿ. ಅನೇಕ ಕಾರುಗಳಲ್ಲಿ ಕೋಡಿನ ಕೊನೆಗೆ ಎರಡು ಅಂಕೆ ಬೇರೆಯಾಗಿ ಇರುತ್ತವೆ, ಹೇಳಬೇಕಾದ್ದನ್ನೆಲ್ಲ ಹೇಳುವುದು ಅವೇ. 54 ಅಂದರೆ ಕ್ಯಾಲಿಬ್ರೇಷನ್ ಆಗಿಲ್ಲ. 78 ಅಂದರೆ ಕೋನ ತಪ್ಪಿದೆ. 97 ಅಂದರೆ ಎದುರಿಗೆ ಏನೋ ಅಡ್ಡ ಇದೆ. 87 ಅಂದರೆ ಇನ್ನೊಂದು ಮಾಡ್ಯೂಲಿನಿಂದ ಸಂದೇಶ ಬರುತ್ತಿಲ್ಲ. 16 ಅಂದರೆ ವೋಲ್ಟೇಜ್ ಕಡಿಮೆ. ಆ ಕಾರಿನ ಕ್ಯಾಮೆರಾದಲ್ಲಿ ಕೊನೆಗೆ ಸಿಕ್ಕಿದ್ದು 78, ಹೊಸ ರೇಡಾರಿನಲ್ಲಿ 54. ಮೊದಲ ದಿನವೇ ಆ 78 ಓದಿದ್ದರೆ ಯಾರೂ ರೇಡಾರ್ ಕಡೆ ಕೈ ಹಾಕುತ್ತಿರಲಿಲ್ಲ. ಯು-0235 ಎಂಬಂಥ ಕೋಡ್ ಬಂದರೆ ಮುಂದಿನ ರೇಡಾರ್ ಜೊತೆ ಸಂಪರ್ಕ ಕಡಿದಿದೆ ಎಂದರ್ಥ. ರೇಡಾರ್ ಸತ್ತಿದೆ ಎಂದಲ್ಲ. ಮೊದಲು ಫ್ಯೂಸ್, ಆಮೇಲೆ ಬಂಪರ್ ಹಿಂದಿನ ಕನೆಕ್ಟರ್. ಅಲ್ಲಿ ನೀರು ಇಳಿದು ಪಿನ್ ಹಸಿರುಗಟ್ಟಿರುವುದು ಸಾಮಾನ್ಯ. ರೇಡಾರಿಗೆ ಬರುವ ಕರೆಂಟು ಮತ್ತು ಅರ್ಥ್ ಅಳೆಯದೆ ಹೊಸ ಪಾರ್ಟ್ ಹಾಕಲು ಒಪ್ಪಬೇಡಿ.

ಕ್ಯಾಲಿಬ್ರೇಷನ್ ಎಂದರೆ ಸ್ಕ್ಯಾನರಿನಲ್ಲಿ ಒಂದು ಬಟನ್ ಒತ್ತುವುದಲ್ಲ. ನಿಲ್ಲಿಸಿ ಮಾಡುವ ವಿಧಾನಕ್ಕೆ ಸಮತಟ್ಟಾದ ನೆಲ ಬೇಕು, ಟೈರಿನ ಗಾಳಿ ಸರಿಯಿರಬೇಕು, ಕಾರೊಳಗೆ ಸಾಮಾನು ಇರಬಾರದು, ಎಷ್ಟೋ ತಯಾರಕರು ಟ್ಯಾಂಕ್ ತುಂಬಿರಬೇಕು ಎನ್ನುತ್ತಾರೆ. ಮುಂದೆ ಹಿಂದೆ ಲಾಂಛನದ ನಡುವಿನಿಂದ ತೂಗುಗುಂಡು ಇಳಿಬಿಟ್ಟು ನೆಲದ ಮೇಲೆ ಕಾರಿನ ನಡುಗೆರೆ ಎಳೆದು, ಆ ಗೆರೆಗೆ ಸರಿಯಾಗಿ ತಯಾರಕರು ಹೇಳಿದ ದೂರ, ಎತ್ತರದಲ್ಲಿ ಗುರುತಿನ ಫಲಕ ನಿಲ್ಲಿಸುತ್ತಾರೆ. ಬೆಳಕು ಒಂದೇ ಸಮ ಇರಬೇಕು, ಸ್ಕ್ಯಾನ್ ನಡೆಯುವಾಗ ಬ್ಯಾಟರಿಗೆ ಚಾರ್ಜರ್ ಕೊಟ್ಟಿರಬೇಕು. ರೇಡಾರಿಗಾದರೆ ಅದರ ಸಪಾಟು ಮುಖದ ಮೇಲೆ ಡಿಜಿಟಲ್ ಲೆವೆಲ್ ಇಟ್ಟು ಕೋನ ನೋಡುತ್ತಾರೆ, ಸುತ್ತ ಕಬ್ಬಿಣದ ರ‍್ಯಾಕು, ಟೂಲ್ ಟ್ರಾಲಿ ಇರಬಾರದು. ಓಡಿಸಿ ಮಾಡುವ ವಿಧಾನಕ್ಕೆ ಗೆರೆ ಸ್ಪಷ್ಟವಾಗಿರುವ ರಸ್ತೆ, ಒಳ್ಳೆಯ ಬೆಳಕು, ಹೇಳಿದಷ್ಟು ವೇಗ ಬೇಕು. ಕೆಲವು ಕಾರುಗಳಿಗೆ ಎರಡೂ ಆಗಬೇಕು. ಇಷ್ಟಕ್ಕೆಲ್ಲ ಜಾಗ, ಫಲಕ ಇಲ್ಲದ ಕಡೆ "ಐದೇ ನಿಮಿಷ, ಮಾಡಿಕೊಡ್ತೀವಿ" ಎಂದರೆ ಕಾರು ತಿರುಗಿಸಿಕೊಂಡು ಬನ್ನಿ.

ಗಾಜು ಹಾಕಿಸುವವರಂತೂ ಕೆಲಸ ಒಪ್ಪಿಸುವ ಮುಂಚೆಯೇ ಕೇಳಿಕೊಳ್ಳಿ: ಕ್ಯಾಮೆರಾ ಬ್ರಾಕೆಟ್ ನನ್ನ ಮಾಡೆಲ್ಲಿನದೇ ಇರುವ ಗಾಜೇ, ಕ್ಯಾಲಿಬ್ರೇಷನ್ ಯಾರು ಮಾಡುತ್ತಾರೆ, ಮೊದಲಿನ ಮತ್ತು ಆಮೇಲಿನ ಸ್ಕ್ಯಾನ್ ರಿಪೋರ್ಟ್ ಕೊಡುತ್ತೀರಾ.

ರಿಪೇರಿ ಆಗುವವರೆಗೆ ಮೆನುವಿನಲ್ಲಿ ಡಿಕ್ಕಿ ತಡೆ ಮತ್ತು ಲೇನ್ ಸಹಾಯ ಆಫ್ ಮಾಡಿ, ಅಡಾಪ್ಟಿವ್ ಕ್ರೂಸ್ (ಮುಂದಿನ ಗಾಡಿಯಿಂದ ದೂರ ಕಾಯ್ದುಕೊಂಡು ತಾನೇ ವೇಗ ಹೊಂದಿಸುವ ಸೌಲಭ್ಯ) ಮುಟ್ಟಬೇಡಿ. ಕೆಲವು ಕಾರುಗಳಲ್ಲಿ ಪ್ರತಿ ಸಲ ಸ್ಟಾರ್ಟ್ ಮಾಡಿದಾಗಲೂ ಡಿಕ್ಕಿ ತಡೆ ತಾನೇ ಆನ್ ಆಗುತ್ತದೆ, ಹಾಗಾಗಿ ಪ್ರತಿ ಸಲವೂ ನೋಡಿಕೊಳ್ಳಿ. ಎಬಿಎಸ್ ದೀಪ, ಕೆಂಪು ಬ್ರೇಕ್ ದೀಪ ಇಲ್ಲದಿದ್ದರೆ ಕಾಲಿನ ಬ್ರೇಕ್ ಎಂದಿನಂತೆ ಇರುತ್ತದೆ. ಕೆಂಪು ದೀಪ ಬಂದರೆ ಓಡಿಸಲೇ ಬೇಡಿ. ಸರಿಯಾಗಿದೆಯೇ ಎಂದು ನೋಡಲು ರಟ್ಟಿನ ಪೆಟ್ಟಿಗೆಯತ್ತಲೋ, ದಯವಿಟ್ಟು, ಮನುಷ್ಯರತ್ತಲೋ ಕಾರು ಓಡಿಸಬೇಡಿ. ಕ್ಯಾಲಿಬ್ರೇಷನ್ ಪೂರ್ಣ ಎಂಬ ರಿಪೋರ್ಟು, ಅದಾದ ಮೇಲೆ ಗೆರೆಯಿರುವ ರಸ್ತೆಯಲ್ಲಿ ಅರ್ಧ ಗಂಟೆ ಓಡಿಸಿ ಬಂದು ಮತ್ತೊಮ್ಮೆ ಮಾಡಿದ ಸ್ಕ್ಯಾನಿನಲ್ಲಿ ಕೋಡ್ ಇಲ್ಲದಿರುವುದು, ಇವೆರಡನ್ನೂ ಕಣ್ಣಾರೆ ನೋಡಿದ ಮೇಲೆ ಮೆನುವಿನಲ್ಲಿ ಮತ್ತೆ ಆನ್ ಮಾಡಿ.