ರಂಗದ ನಾಗಮಣಿಗೆ ಗ್ಲೋ ಪೌಡರ್: ಯಾವುದು ತಗೊಳ್ಳಬಹುದು, ಯಾವುದು ದಂಡ

ಪಾತಾಳಕ್ಕೆ ಸೂರ್ಯನ ಬೆಳಕು ಇಳಿಯುವುದಿಲ್ಲ, ಅಲ್ಲಿನ ಕತ್ತಲನ್ನು ಓಡಿಸುವುದು ಮಹಾಸರ್ಪಗಳ ಹೆಡೆಯ ಮಣಿಗಳೇ ಎನ್ನುತ್ತದೆ ಭಾಗವತದ ಐದನೇ ಸ್ಕಂಧ. ಆ ಮಣಿಯನ್ನು ಶಾಲೆಯ ನಾಟಕಕ್ಕೋ ಹವ್ಯಾಸಿ ತಂಡದ ಪ್ರಯೋಗಕ್ಕೋ ಮಾಡಹೊರಟವರು ಈಗ ಆನ್‌ಲೈನ್‌ನಲ್ಲಿ ಸಿಗುವ ಗ್ಲೋ ಪೌಡರ್, ಅಂದರೆ ಬೆಳಕು ಹೀರಿಕೊಂಡು ಕತ್ತಲಲ್ಲಿ ಹೊಳೆಯುವ ಪುಡಿ, ತರಿಸುತ್ತಾರೆ. ಒಳ್ಳೆಯ ಸರಕೇ, ಆದರೆ ಡಬ್ಬಿಯ ಮೇಲೆ ಬರೆದದ್ದನ್ನು ಪೂರ್ತಿ ನಂಬಿದರೆ ಪ್ರದರ್ಶನದ ದಿನ ಕೈಕೊಡುತ್ತದೆ.

ಮೊದಲು ನೋಡಬೇಕಾದ್ದು ಒಳಗಿರುವ ವಸ್ತು. ಸ್ಟ್ರಾನ್ಷಿಯಂ ಅಲ್ಯೂಮಿನೇಟ್ ಎಂದು ಸ್ಪಷ್ಟವಾಗಿ ಬರೆದಿದ್ದರೆ ಮಾತ್ರ ಕೊಳ್ಳಿ. ಯುರೋಪಿಯಂ, ಡಿಸ್ಪ್ರೋಸಿಯಂ ಎಂಬ ಲೋಹಧಾತುಗಳನ್ನು ಚೂರು ಬೆರೆಸಿದ ಈ ಪುಡಿ 1990ರ ದಶಕದಲ್ಲಿ ಜಪಾನಿನಿಂದ ಬಂತು. ಅದಕ್ಕೂ ಮುಂಚಿನ ಜಿಂಕ್ ಸಲ್ಫೈಡ್ ಪುಡಿ ಈಗಲೂ ಅಗ್ಗಕ್ಕೆ ಸಿಗುತ್ತದೆ, ಅರ್ಧ ಗಂಟೆಯೊಳಗೆ ಮಂಕಾಗುತ್ತದೆ. ಬಂದ ಪುಡಿ ಯಾವುದೆಂದು ತಿಳಿಯಲು ಟಾರ್ಚ್ ಹಿಡಿದು ಬೆಳಗಿಸಿ, ಮುಚ್ಚಿದ ಪೆಟ್ಟಿಗೆಯಲ್ಲಿಟ್ಟು, ಒಂದು ಗಂಟೆ ಬಿಟ್ಟು ಕತ್ತಲ ಕೋಣೆಯಲ್ಲಿ ತೆರೆಯಿರಿ. ಕಣ್ಣು ಕತ್ತಲಿಗೆ ಹೊಂದಿಕೊಂಡ ಮೇಲೂ ಏನೂ ಕಾಣದಿದ್ದರೆ ವಾಪಸ್ ಕಳಿಸಿ. ಈ ಎರಡು ಬಗೆಯ ಪುಡಿಯಲ್ಲೂ ರೇಡಿಯಂ ಇಲ್ಲ, ವಿಕಿರಣದ ಭಯ ಬೇಡ.

‘12 ಗಂಟೆ ಹೊಳೆಯುತ್ತದೆ’ ಎಂಬುದು ಸುಳ್ಳಲ್ಲ, ಆದರೆ ಆ ಲೆಕ್ಕ ಬೇರೆ. ಸಾಮಾನ್ಯವಾಗಿ ಅಳೆಯುವುದು ಹೊಳಪು ಚದರ ಮೀಟರಿಗೆ 0.32 ಮಿಲಿಕ್ಯಾಂಡೆಲಾಕ್ಕೆ (ಬೆಳಕಿನ ಒಂದು ಅಳತೆ, ಇಷ್ಟೆಂದರೆ ತೀರಾ ಮಂಕು) ಇಳಿಯುವ ತನಕ. ಕಗ್ಗತ್ತಲಿಗೆ ಪೂರ್ತಿ ಒಗ್ಗಿದ ಕಣ್ಣಿಗೆ ಅಷ್ಟು ಕಾಣುತ್ತದೆ. ಈಗಷ್ಟೇ ಬೆಳಕಿನ ದೃಶ್ಯ ನೋಡಿದ ಪ್ರೇಕ್ಷಕನಿಗೆ ಕಾಣುವುದಿಲ್ಲ. ಹೊಳಪು ಇಳಿಯುವ ರೀತಿಯೂ ಹೆಚ್ಚುಕಡಿಮೆ ಹೀಗೆ: ಮೊದಲ ನಿಮಿಷದಲ್ಲಿ ಇದ್ದದ್ದು ಹತ್ತನೇ ನಿಮಿಷಕ್ಕೆ ಹತ್ತರಲ್ಲೊಂದು ಪಾಲು. ಅಂದರೆ ರಂಗದ ಮಟ್ಟಿಗೆ ಇದು ಮೊದಲ ಎರಡು ಮೂರು ನಿಮಿಷದ ವಸ್ತು.

ಹಾಗಾಗಿ ಬಣ್ಣದ ವಿಷಯದಲ್ಲಿ ಮಾರಾಟಗಾರರ ಸಲಹೆ ಉಲ್ಟಾ ಮಾಡಬೇಕು. ಅವರು ಹೊಗಳುವ ನೀಲಿ-ಹಸಿರು ತಡರಾತ್ರಿಯವರೆಗೆ ಚೆನ್ನಾಗಿ ಕಾಣುವುದು ನಿಜ. ಕತ್ತಲಿಗೆ ಒಗ್ಗಿದ ಕಣ್ಣು ಆ ಬಣ್ಣಕ್ಕೆ ಹೆಚ್ಚು ಸೂಕ್ಷ್ಮ. ಮಲಗುವ ಕೋಣೆಗೆ ಅದು ಸರಿ. ರಂಗಕ್ಕೆ ಆರಂಭದಲ್ಲೇ ಜೋರಾಗಿ ಹೊಳೆಯುವ ಹಸಿರೇ ಬೇಕು. ಕೆಂಪು ಪುಡಿಯ ಆಸೆಯಂತೂ ಬಿಡಿ: ಹೊಳಪೂ ಕಡಿಮೆ, ಕತ್ತಲಲ್ಲಿ ಕಣ್ಣಿಗೆ ಕೆಂಪು ಕಾಣುವುದೂ ಕಡಿಮೆ. ಮಾಣಿಕ್ಯದ ಬಣ್ಣ ಬೇಕೇ ಬೇಕೆಂದರೆ ಪುಡಿಯ ಬದಲು ಒಳಗೊಂದು ಎಲ್‌ಇಡಿ ಇಡುವುದೇ ಲೇಸು.

ಮಣಿಯ ಎರಕ ಹೊಯ್ಯಲು 30 ಗ್ರಾಂ ಎಪಾಕ್ಸಿಗೆ (ಎರಡು ದ್ರವ ಬೆರೆಸಿದರೆ ಗಟ್ಟಿಯಾಗುವ ರೆಸಿನ್) 8ರಿಂದ 9 ಗ್ರಾಂ ಪುಡಿ ಸಾಕು. ಎಪಾಕ್ಸಿಯ ಎರಡು ಭಾಗಗಳನ್ನು ಬಾಟಲಿ ಹೇಳಿದ ಪ್ರಮಾಣದಲ್ಲೇ, ಅದು ತೂಕದ ಲೆಕ್ಕವೋ ಗಾತ್ರದ ಲೆಕ್ಕವೋ ನೋಡಿಕೊಂಡು, ಬೆರೆಸಿ. ಇಲ್ಲಿ ತಪ್ಪಿದರೆ ಮಣಿ ಕೊನೆಗೂ ಅಂಟಂಟಾಗಿಯೇ ಉಳಿಯುತ್ತದೆ. ಕಲಸಲು ಮರದ ಅಥವಾ ಪ್ಲಾಸ್ಟಿಕ್ ಕಡ್ಡಿ. ಸ್ಟೀಲ್ ಚಮಚ ಬೇಡ: ಪುಡಿಯ ಕಣಗಳು ಗಟ್ಟಿ, ಲೋಹವನ್ನು ಉಜ್ಜಿ ಎಲ್ಲವನ್ನೂ ಬೂದಿಬಣ್ಣ ಮಾಡುತ್ತವೆ. ನುಣ್ಣಗಾಗಲಿ ಎಂದು ಅರೆಯಲೂ ಬೇಡಿ, ಕಣ ಒಡೆದಷ್ಟೂ ಹೊಳಪು ಹೋಗುತ್ತದೆ. ಅಳೆಯುವಾಗ ಮಾಸ್ಕ್ ಇರಲಿ.

ಪುಡಿ ಎಪಾಕ್ಸಿಗಿಂತ ಮೂರು ಪಟ್ಟು ಭಾರ, ತಳಕ್ಕೆ ಇಳಿದೇ ಇಳಿಯುತ್ತದೆ. ಅನೇಕರು ಇದನ್ನು ದೋಷ ಎಂದು ಬರೆಯುತ್ತಾರೆ. ಅರ್ಧಗೋಳದ ಸಿಲಿಕೋನ್ ಅಚ್ಚಿನಲ್ಲಿ ಮಣಿಯ ಉಬ್ಬು ಮುಖ ಕೆಳಗಿರುವುದರಿಂದ ಪುಡಿ ಕೂರುವುದು ಪ್ರೇಕ್ಷಕರ ಕಡೆಗೇ, ನಮಗೆ ಬೇಕಾದ್ದೂ ಅದೇ. ಗಟ್ಟಿಯಾದ ಮೇಲೆ ಹಿಂಬದಿಗೆ ಬಿಳಿ ಬಣ್ಣ ಬಳಿದರೆ ಹಿಂದಕ್ಕೆ ಹೋಗುವ ಬೆಳಕೂ ಮುಂದಕ್ಕೆ ಬರುತ್ತದೆ. ಪೂರ್ತಿ ಗುಂಡನೆಯ ಮಣಿಗಾದರೆ ಎಪಾಕ್ಸಿ ಜೇನಿನಷ್ಟು ಮಂದವಾಗುವವರೆಗೆ ಕಾದು ಹೊಯ್ಯಿರಿ. ಎಪಾಕ್ಸಿ ಬದಲು ಯುವಿ (ನೇರಳಾತೀತ) ಬೆಳಕಿಗೆ ಗಟ್ಟಿಯಾಗುವ ಯುವಿ ರೆಸಿನ್ ಬಳಸಿದರೆ ತೆಳು ಪದರಗಳಲ್ಲಿ ಹೊಯ್ಯಬೇಕು. ಪುಡಿಯೇ ಬೆಳಕನ್ನು ತಡೆಯುವುದರಿಂದ ಒಳಗಡೆ ಹಸಿ ಉಳಿಯುತ್ತದೆ. ನೀರು ಬೆರೆಸುವ ಪೇಂಟಿಗೆ ಮಾತ್ರ ಜಲನಿರೋಧಕ ಲೇಪನವಿರುವ ಬಗೆ ಬೇಕು, ಬರೀ ಪುಡಿ ನೀರು ತಾಗಿದರೆ ಕೆಡುತ್ತದೆ. ಮಳೆಗಾಲದಲ್ಲಿ ಡಬ್ಬಿಯ ಮುಚ್ಚಳ ಬಿಗಿಯಾಗಿರಲಿ.

ಬೆಳಗಿಸಲು ಹಳದಿ ಬಲ್ಬು ಪ್ರಯೋಜನವಿಲ್ಲ, ಅದರಲ್ಲಿ ನೀಲಿ ಅಂಶ ತೀರಾ ಕಡಿಮೆ. 365ರಿಂದ 395 ನ್ಯಾನೊಮೀಟರ್ ಯುವಿ ಟಾರ್ಚ್ ಆದರೆ ಹತ್ತಿರ ಹಿಡಿದು ಒಂದೆರಡು ನಿಮಿಷ ಸಾಕು. ಇಲ್ಲದಿದ್ದರೆ ಜೋರು ಬಿಳಿ ಎಲ್‌ಇಡಿ. ಸೈಡ್ ವಿಂಗಿನಲ್ಲಿ ಅಲ್ಯೂಮಿನಿಯಂ ಹಾಳೆ ಒಳಗಂಟಿಸಿದ ರಟ್ಟಿನ ಡಬ್ಬಿಯಲ್ಲಿ ಮಣಿ ಮತ್ತು ಟಾರ್ಚ್ ಇಟ್ಟು, ಪಾತ್ರಧಾರಿ ಪ್ರವೇಶಿಸುವ ಕ್ಷಣದಲ್ಲಿ ತೆಗೆದುಕೊಟ್ಟರೆ ಸಾಕು. ಡಬ್ಬಿ ಮುಚ್ಚಿರುವುದರಿಂದ ಮಕ್ಕಳ ಕಣ್ಣಿಗೂ ಕ್ಷೇಮ. ಗ್ರೀನ್‌ರೂಮಿನಲ್ಲಿ ಅರ್ಧ ಗಂಟೆ ಮುಂಚೆ ಬೆಳಗಿಸಿಟ್ಟು ಕಿಸೆಯಲ್ಲಿ ಹಾಕಿಕೊಂಡು ಬಂದರೆ ಹಿಂದಿನ ಸಾಲಿಗೆ ಏನೂ ಕಾಣುವುದಿಲ್ಲ. ಪುಡಿ ಸರಿಯಿಲ್ಲ ಎಂದು ಒಂದು ಸ್ಟಾರ್ ಕೊಡುವವರಲ್ಲಿ ಹೆಚ್ಚಿನವರ ಕಥೆ ಇದೇ ಇರಬೇಕು.

ಐದಕ್ಕೆ ನಾಲ್ಕು ಕೊಡಬಹುದು, ಅದೂ ಪೂರ್ತಿ ಬ್ಲ್ಯಾಕ್‌ಔಟ್ ಮಾಡಬಲ್ಲ ಒಳಾಂಗಣ ರಂಗಕ್ಕೆ. ರಾತ್ರಿಯಿಡೀ ದೀಪ ಉರಿಯುವ ಯಕ್ಷಗಾನದ ರಂಗಸ್ಥಳಕ್ಕೆ, ಬೀದಿದೀಪವಿರುವ ಬಯಲು ವೇದಿಕೆಗೆ ಕಾಸು ಹಾಕಬೇಡಿ. ಇನ್ನು ಮುಖಕ್ಕೆ ಬಳಿಯುವ ಮೇಕಪ್ಪಿಗೆ ಇದೇ ಡಬ್ಬಿಯ ಪುಡಿಯನ್ನು ಯಾವ ಕಾರಣಕ್ಕೂ ಬೆರೆಸಬಾರದು, ಇದು ಮೈಗೆ ಹಚ್ಚಲು ಮಾಡಿದ್ದಲ್ಲ.