ಸಬ್ಬಸಿಗೆ ಉಪ್ಪಿನಕಾಯಿಗೆಂದು ಕೊಂಡ ಗಾಜಿನ ಜಾಡಿ

ಮಿಡಿಸೌತೆಯನ್ನು ಸಬ್ಬಸಿಗೆ, ಬೆಳ್ಳುಳ್ಳಿ, ಹಸಿಮೆಣಸಿನಕಾಯಿಗಳೊಂದಿಗೆ ಉಪ್ಪುನೀರಿನಲ್ಲಿ ಹುಳಿ ಬರಿಸುವುದಕ್ಕೆಂದು 2 ಲೀಟರಿನ ಈ ಗಾಜಿನ ಜಾಡಿಯನ್ನು ಕೊಂಡೆ. ಇದರ ನಿಜವಾದ ಗುಣವಿರುವುದು ಜೊತೆಗೆ ಬರುವ ಗಾಜಿನ ಬಿಲ್ಲೆಯಲ್ಲಿ. ಕಾಯಿಗಳನ್ನು ಅದು ನೀರಿನಡಿಯಲ್ಲೇ ಒತ್ತಿ ಹಿಡಿಯುವುದರಿಂದ, ಲೀಟರಿಗೆ 50 ಗ್ರಾಂ ಉಪ್ಪು ಹಾಕಿ ಹತ್ತು ದಿನ ಇಟ್ಟರೂ ಮೇಲೆ ಬೂಷ್ಟು ಕಟ್ಟಲಿಲ್ಲ. ಮೂರನೆಯ ದಿನ ಗುಳ್ಳೆಗಳೆದ್ದು ನೀರು ಕದಡಿದ್ದನ್ನು ಕಂಡ ಅತ್ತೆಯವರು ಕೆಟ್ಟೇಹೋಯಿತೆಂದುಕೊಂಡರು; ಅದು ಲ್ಯಾಕ್ಟಿಕ್ ಆಮ್ಲ ಹುಟ್ಟಿಸುವ ಬ್ಯಾಕ್ಟೀರಿಯಾಗಳ ಕೆಲಸವಷ್ಟೆ. ಕಾಯಿಯನ್ನು ಮೆತ್ತಗಾಗಿಸುವ ಕಿಣ್ವವಿರುವ ಹೂವಿದ್ದ ಕಡೆಯ ತುದಿಯನ್ನು ಮೊದಲೇ ಕೊಯ್ದು ತೆಗೆದಿದ್ದರಿಂದ ಕಚ್ಚಿದರೆ ಕರಕರ ಎನ್ನುತ್ತಿತ್ತು, ಖಾರವೂ ತಿರುಳಿನವರೆಗೆ ಇಳಿದಿತ್ತು. ಆದರೆ ಮುಚ್ಚಳದ ರಬ್ಬರ್ ಬಳೆ ಸಡಿಲ. ಐದನೆಯ ದಿನ ಉಪ್ಪುನೀರು ಉಕ್ಕಿ ಅಡುಗೆಕಟ್ಟೆಯ ಮೇಲೆಲ್ಲ ಹರಿಯಿತು. ಬದಲಿ ಬಳೆ ಕೇಳಿದರೆ ಅಂಗಡಿಯವರು ಹೊಸ ಜಾಡಿಯನ್ನೇ ಕೊಳ್ಳಿ ಎಂದರು. ಸದ್ಯಕ್ಕೆ ಕೆಳಗೊಂದು ತಟ್ಟೆಯಿಟ್ಟಿದ್ದೇನೆ.